ಹಡಗು ಓಡಿಸಲು ಬಾರದ ಮಂತ್ರಿಗೆ ನಾವ್ಯಾಕೆ ಸಲ್ಯೂಟ್ ಹೊಡೆದೆವು

ಹೋದ ವಾರ ಕೋಲಾರದ ಎಪಿಎಂಸಿಯಲ್ಲಿ ಟೊಮೆಟೊ ಹರಾಜಿಗೆ ಕಾಯುತ್ತಾ ಕೂತಿದ್ದೆ. ನಾನು ನೇವಿಯಲ್ಲಿದ್ದವನು ಅಂತ ಮಂಡಿಯ ಹುಡುಗನಿಗೆ ಗೊತ್ತು. ಖಾಲಿ ಕ್ರೇಟು ಮಗುಚಿ ಹಾಕಿ ಕೂತು ಕೇಳಿದ: "ಅಣ್ಣಾ, ಡಿಫೆನ್ಸ್ ಮಿನಿಸ್ಟರ್‌ಗೆ ಹಡಗು ಓಡ್ಸಕ್ಕೆ ಬರುತ್ತಾ? ಬರಲ್ಲ ಅಂದ್ರೆ ಅಡ್ಮಿರಲ್ ಯಾಕೆ ಅವರ ಮಾತು ಕೇಳ್ಬೇಕು?"

2002ರಲ್ಲಿ ಒಡಿಶಾದ ಐಎನ್‌ಎಸ್ ಚಿಲ್ಕಾ ಅನ್ನುವ ನೌಕಾ ತರಬೇತಿ ಕೇಂದ್ರಕ್ಕೆ ಹೋಗುವವರೆಗೆ ನಾನು ಸಮುದ್ರವನ್ನೇ ಕಂಡವನಲ್ಲ. ನಮ್ಮೂರ ಕೆರೆಯೇ ದೊಡ್ಡ ನೀರು. ಹುಡುಗನಿಗೆ ಉತ್ತರ ಹೇಳುವಾಗಲೂ ಆ ಕೆರೆಯೇ ನೆನಪಿಗೆ ಬಂತು.

ನಮ್ಮ ತಾತ ನೀರಗಂಟಿ. ಕೆರೆ ತುಂಬಿದಾಗ ತೂಬಿನ ಕಲ್ಲಿನವರೆಗೆ ಈಜಿಕೊಂಡು ಹೋಗಿ, ಗಳಕ್ಕೆ ಸಿಕ್ಕಿಸಿದ ಮರದ ಬಿರಡೆಯನ್ನು ಬೆರಳಳತೆಯಲ್ಲಿ ಎತ್ತುತ್ತಿದ್ದ. ಎಷ್ಟು ಎತ್ತಿದರೆ ಕೊನೆಯ ಗದ್ದೆಗೆ ಎಷ್ಟು ಹೊತ್ತಿಗೆ ನೀರು ಮುಟ್ಟುತ್ತದೆ ಅನ್ನುವುದು ಊರಿಗೆಲ್ಲ ಅವನೊಬ್ಬನಿಗೇ ಗೊತ್ತು. ಆದರೆ ತೂಬು ಯಾವತ್ತು ಎತ್ತಬೇಕು, ಈ ವರ್ಷ ಭತ್ತವೋ ರಾಗಿಯೋ ಅಂತ ತೀರ್ಮಾನವಾಗುತ್ತಿದ್ದದ್ದು ಅರಳಿಕಟ್ಟೆಯ ಮೇಲೆ. ಅಲ್ಲಿ ಕೂತವರಲ್ಲಿ ಅರ್ಧ ಜನಕ್ಕೆ ಈಜು ಬರುತ್ತಿರಲಿಲ್ಲ. ಬೆಳೆ ಒಣಗಿದರೆ ಉಪವಾಸ ಬೀಳುವುದು ಇಡೀ ಊರು. ಆದ್ದರಿಂದ ಕೊನೆಯ ಮಾತು ಊರಿನದು.

ನೌಕಾಪಡೆಯ ಲೆಕ್ಕವೂ ಅದೇ. ಸಂವಿಧಾನದ ಪ್ರಕಾರ ಮೂರೂ ಪಡೆಗಳ ಪರಮೋಚ್ಚ ದಂಡನಾಯಕರು ರಾಷ್ಟ್ರಪತಿ. ಆಡಳಿತ ನಡೆಸುವುದು ಚುನಾಯಿತ ಸರ್ಕಾರ, ರಕ್ಷಣಾ ಮಂತ್ರಿಯ ಮೂಲಕ. ನೌಕಾಪಡೆಗೇ ಅಂತ ನಮ್ಮಲ್ಲಿ ಬೇರೆ ಮಂತ್ರಿಯಿಲ್ಲ. ಅಮೆರಿಕದಲ್ಲಿ ಅದಕ್ಕೊಬ್ಬ ಕಾರ್ಯದರ್ಶಿ ಇದ್ದಾರೆ, ನಮ್ಮ ಮಂತ್ರಿಯ ಹಾಗೆ. ಸಮವಸ್ತ್ರ ಬಿಚ್ಚಿಟ್ಟು ಐದು ವರ್ಷ ಆಗದ ಅಧಿಕಾರಿಯನ್ನು ಆ ಕುರ್ಚಿಗೆ ನೇಮಿಸುವಂತಿಲ್ಲ ಅಂತ ಅಲ್ಲಿ ಕಾನೂನೇ ಇದೆ. ನನಗೆ ಅದು ಬಹಳ ಸರಿ ಅನ್ನಿಸುತ್ತದೆ.

ಯಾಕೆ ಅನ್ನುವುದು ನನಗೆ ಅರ್ಥವಾದದ್ದು ಕಾರವಾರದಲ್ಲಿ. ಅಲ್ಲಿನ ನೌಕಾನೆಲೆಯ ಸೀಬರ್ಡ್ ಯೋಜನೆಗೆ 1986ರಲ್ಲಿ ರಾಜೀವ್ ಗಾಂಧಿ ಅಡಿಗಲ್ಲು ಹಾಕಿದರು. ಐಎನ್‌ಎಸ್ ಕದಂಬ ಅನ್ನುವ ಹೆಸರಲ್ಲಿ ಆ ನೆಲೆ ಸೇವೆಗೆ ಬಂದದ್ದು 2005ರಲ್ಲಿ. ಆ ನೆಲೆಗಾಗಿ ಸಾವಿರಾರು ಕುಟುಂಬಗಳು ಮನೆ ಬಿಟ್ಟವು. ಒಂದು ಭಾನುವಾರ ಮಾರ್ಕೆಟ್ಟಿನಲ್ಲಿ ಬಂಗಡೆ ಕೊಳ್ಳುವಾಗ, ನನ್ನ ಕ್ರಾಪು ನೋಡಿಯೇ ಗುರುತು ಹಿಡಿದ ಮೀನಿನಮ್ಮ, ಕೈಯಲ್ಲಿದ್ದ ಮೀನು ಕೆಳಗಿಡದೆ ಹೇಳಿದಳು: "ನಮ್ಮ ಮನೆ ಈಗ ನಿಮ್ಮ ಗೇಟಿನ ಒಳಗೆ ಅದೆ." ಸಿಟ್ಟಿರಲಿಲ್ಲ, ವಿಳಾಸ ಹೇಳಿದ ಹಾಗಿತ್ತು. ನಾನು ಏನು ಹೇಳಲಿ? ನಮ್ಮ ಅಡ್ಮಿರಲ್ ತಾನೇ ಏನು ಹೇಳಬಲ್ಲರು? ಅವರನ್ನು ಆಕೆ ಓಟು ಹಾಕಿ ಕಳಿಸಿಲ್ಲ. ಸಮುದ್ರದ ಲೆಕ್ಕ ಅಡ್ಮಿರಲ್ಲಿಗೆ ಗೊತ್ತು. ಆ ಮನೆಯ ಲೆಕ್ಕ ಕೊಡಬೇಕಾದವರು ಓಟು ಕೇಳಿದವರು, ಅದೂ ಸಂಸತ್ತಿನಲ್ಲಿ ಎದ್ದು ನಿಂತು.

1998ರ ಡಿಸೆಂಬರ್ 30ರಂದು ಸರ್ಕಾರ ನೌಕಾಪಡೆಯ ಮುಖ್ಯಸ್ಥ ಅಡ್ಮಿರಲ್ ವಿಷ್ಣು ಭಾಗವತ್ ಅವರನ್ನೇ ವಜಾ ಮಾಡಿತು. ಆಗ ರಕ್ಷಣಾ ಮಂತ್ರಿ ನಮ್ಮ ಮಂಗಳೂರಿನ ಜಾರ್ಜ್ ಫರ್ನಾಂಡಿಸ್. ತಪ್ಪು ಯಾರದು ಅನ್ನುವ ಜಗಳ ವರ್ಷಗಟ್ಟಲೆ ನಡೆಯಿತು. ಆದರೆ ನೌಕಾಪಡೆ ಆಜ್ಞೆಗೆ ತಲೆಬಾಗಿತು. ಆ ಶಿಸ್ತಿನ ಬಗ್ಗೆ ನನಗೆ ಇವತ್ತಿಗೂ ಹೆಮ್ಮೆ.

ನೋವಿರುವುದು 2014ರ ಬಗ್ಗೆ. ಫೆಬ್ರವರಿ 26ರಂದು ಮುಂಬೈ ಕಡಲಲ್ಲಿ ಸಿಂಧುರತ್ನ ಜಲಾಂತರ್ಗಾಮಿಯೊಳಗೆ ಹೊಗೆ ತುಂಬಿ ಇಬ್ಬರು ಅಧಿಕಾರಿಗಳು ತೀರಿಹೋದರು. ಅದಕ್ಕೆ ಆರು ತಿಂಗಳ ಹಿಂದಷ್ಟೇ ಇನ್ನೊಂದು ಜಲಾಂತರ್ಗಾಮಿ ಸಿಂಧುರಕ್ಷಕ್‌ನಲ್ಲಿ 18 ಮಂದಿಯನ್ನು ಕಳಕೊಂಡಿದ್ದೆವು. ಆಗಿನ ನೌಕಾಪಡೆಯ ಮುಖ್ಯಸ್ಥ ಅಡ್ಮಿರಲ್ ಡಿ.ಕೆ. ಜೋಶಿ ನೈತಿಕ ಹೊಣೆ ಹೊತ್ತು ಅವತ್ತೇ ರಾಜೀನಾಮೆ ಕೊಟ್ಟರು, ಸರ್ಕಾರ ಅವತ್ತೇ ಒಪ್ಪಿಕೊಂಡಿತು. ಮೆಸ್ಸಿನ ಟಿವಿಯಲ್ಲಿ ಸುದ್ದಿ ಬಂದಾಗ ತಟ್ಟೆಯಲ್ಲಿ ಕಲಸಿದ ಅನ್ನ ಹಾಗೇ ಆರಿತು, ಯಾರೂ ಬಾಯಿಗಿಡಲಿಲ್ಲ. ಮುಂದಿನ ಮುಖ್ಯಸ್ಥರ ನೇಮಕಕ್ಕೆ ಏಪ್ರಿಲ್ 17ರವರೆಗೆ ಕಾಯಬೇಕಾಯಿತು. ಜವಾಬ್ದಾರಿ ಒಂದು ಕಡೆ, ಅಧಿಕಾರ ಇನ್ನೊಂದು ಕಡೆ ಇದೆ ಅಂತ ಜೋಶಿಯವರು ಆಮೇಲೆ ಬಹಿರಂಗವಾಗಿಯೇ ಹೇಳಿದರು. ಮಂತ್ರಿ ಮೇಲಿರಲಿ, ಖಂಡಿತ ಇರಲಿ. ಆದರೆ ದುಡ್ಡು, ಬಿಡಿಭಾಗ, ದುರಸ್ತಿಯ ಮಂಜೂರಾತಿ ಅವರ ಸಹಿಗೆ ಕಾಯುವಾಗ, ಹೊಣೆಯೂ ಆ ಮೇಜಿನವರೆಗೆ ಹತ್ತಬೇಕು.

ಒಂದು ವರ್ಷ ನಮ್ಮೂರ ತೂಬಿನ ಬಿರಡೆ ಲಡ್ಡಾಗಿತ್ತಂತೆ. ಹೊಸದು ಮಾಡಿಸಿಕೊಡಿ ಅಂತ ತಾತ ಎರಡು ಸಲ ಕೇಳಿದ. ಸುಗ್ಗಿ ಆಗಲಿ ಅಂದರು. ಒಂದು ರಾತ್ರಿ ಅದು ಒಡೆದು ನೀರೆಲ್ಲ ಹರಿದುಹೋಯಿತು. ಬೆಳಗ್ಗೆ ಕಟ್ಟೆಯ ಹತ್ತಿರ ಎಲ್ಲರೂ ತಾತನ ಮೇಲೆ ಬಿದ್ದರು. ಆಗ ಪಟೇಲರು ಎದ್ದು, "ಅವನನ್ನ ಬಯ್ಯಬೇಡ್ರಿ. ಮರ ಕೊಡಿಸದೆ ಇದ್ದೋನು ನಾನು" ಅಂದರಂತೆ. ಪಟೇಲರ ಹೆಸರು ಬಂದಾಗೆಲ್ಲ ತಾತ ಹೆಗಲ ಮೇಲಿನ ಟವೆಲ್ಲು ತೆಗೆದು ಕೈಗೆ ತಗೊಳ್ಳುತ್ತಿದ್ದ.

ಹುಡುಗ ಇನ್ನೇನೋ ಕೇಳುವವನಿದ್ದ. ಅಷ್ಟರಲ್ಲಿ ನಮ್ಮ ಸಾಲಿನ ಹರಾಜು ಕೂಗಿದರು.