ಪರ್ಫ್ಯೂಮ್ ಧ್ವನಿ, ಮೂರನೇ ವಾರ: ಗಮಕದ ಜೊತೆ ಗುದ್ದಾಟ

ಕೊನೆಗೂ ಆಯ್ತು! ನಿನ್ನೆ ರಾತ್ರಿ ಹನ್ನೊಂದೂವರೆಗೆ ಸ್ಪೀಕರಿನಿಂದ, ಜಪಾನಿನ ಪಾಪ್ ತಂಡ ಪರ್ಫ್ಯೂಮ್‌ನ ಹಾಡುಗಳಲ್ಲಿರುವ ಆ ಗಾಜಿನಂಥ ಧ್ವನಿ ಹೊರಬಂತು.

ಧ್ವನಿಯ ಮಟ್ಟ ಹೊಂದಿಸುವ ಗೇನ್, ಕಂಪ್ರೆಸರ್ ಕಥೆ ಬಿಡಿ. ಕೇಬಲ್ ಬಗ್ಗೆ ಮಾತ್ರ ಗೊಣಗಲೇಬೇಕು. ಆನ್‌ಲೈನ್‌ನಲ್ಲಿ ತರಿಸಿದ ಮೈಕಿನ ಎಕ್ಸ್‌ಎಲ್‌ಆರ್ ಕೇಬಲ್ಲಿನ ಒಂದು ಪಿನ್ನಿಗೆ ಬೆಸುಗೆಯೇ ಇರಲಿಲ್ಲ. ವಾಪಸ್ ಕಳಿಸಿದೆ. ಬದಲಿಗೆ ಬಂದದ್ದೂ ಅದೇ ಕೇಬಲ್. ನಾನೇ ಹಾಕಿದ ಗೀರು ಇನ್ನೂ ಅದರ ಮೇಲಿತ್ತು.

ನನಗೆ ಬೇಕಿದ್ದದ್ದು ನಿರ್ಮಾಪಕ ಯಸುತಾಕಾ ನಕಾತಾ ಪರ್ಫ್ಯೂಮ್‌ನ ಹಿರೋಶಿಮಾದ ಮೂವರು ಹುಡುಗಿಯರಿಗೆ ಕೊಟ್ಟ ಧ್ವನಿ, 2008ರ 'ಗೇಮ್' ಆಲ್ಬಮ್ಮಿನಲ್ಲಿ ಇರುವಂಥದ್ದು. ಸ್ವರ ತಿದ್ದುವ ಸಾಫ್ಟ್‌ವೇರ್ ಆಟೋ-ಟ್ಯೂನ್‌ನಲ್ಲಿ ರೀಟ್ಯೂನ್ ಸ್ಪೀಡ್ (ಎಷ್ಟು ಬೇಗ ತಿದ್ದಬೇಕು ಅನ್ನುವುದು; ಸೊನ್ನೆ ಅಂದರೆ ತಕ್ಷಣ) ಸೊನ್ನೆಗೆ ಇಟ್ಟರೆ ಮುಗೀತು ಅಂದುಕೊಂಡಿದ್ದೆ. ಹಾಡಿದವಳು ತಂಗಿ, ಎಂಟು ವರ್ಷ ಕರ್ನಾಟಕ ಸಂಗೀತ ಕಲಿತವಳು. ಸೊನ್ನೆಗೆ ಇಟ್ಟ ತಕ್ಷಣ ಧ್ವನಿಗೆ ಬಿಕ್ಕಳಿಕೆ ಶುರು! ಗಮಕ, ಅಂದರೆ ಸ್ವರವನ್ನು ತೂಗಿ ಹಾಡುವುದು, ರೂಢಿಯಾಗಿ ಅವಳ ಗಾಂಧಾರ ('ಗ' ಸ್ವರ) ಒಂದು ಕಡೆ ನಿಲ್ಲುವುದೇ ಇಲ್ಲವಲ್ಲ. ಅದು ತೂಗಿದಾಗಲೆಲ್ಲ ಸಾಫ್ಟ್‌ವೇರ್ ಪಾಪ ಹತ್ತಿರದ ಸ್ವರಕ್ಕೆ ಹಾರುತ್ತದೆ, ಮತ್ತೆ ವಾಪಸ್ ಹಾರುತ್ತದೆ. ಸ್ಪೀಡ್ 20 ಮಾಡಿದೆ. ಬಿಕ್ಕಳಿಕೆ ನಿಂತಿತು, ಗಾಜೂ ಮಾಯವಾಯಿತು. ಸುಮ್ನೆ ಚೆನ್ನಾಗಿ ಹಾಡುವ ಹುಡುಗಿಯೊಬ್ಬಳು ಉಳಿದಳು. ಮೆಲೊಡೈನ್ ಅನ್ನುವ ಇನ್ನೊಂದು ಸಾಫ್ಟ್‌ವೇರ್ ತೆಗೆದು ಒಂದೊಂದೇ ಸ್ವರ ಕೈಯಾರೆ ಚಪ್ಪಟೆ ಮಾಡಿದೆ. ಎರಡು ಸಂಜೆಗೆ ಎಂಟು ಸಾಲು. ಕೇಳಿದ ಅಮ್ಮ, "ಯಾಕೋ, ಅವಳಿಗೆ ನೆಗಡಿಯಾ?" ಅಂದರು.

ಆಮೇಲೆ ನೆನಪಾಯಿತು. ನಕಾತಾ ಆ ಹುಡುಗಿಯರಿಗೆ ಭಾವ ತುಂಬಿ ಹಾಡಬೇಡಿ ಅನ್ನುತ್ತಿದ್ದರಂತೆ. ಮೈಕ್ ಮುಂದೆ ಕುರ್ಚಿ ಹಾಕಿ ತಂಗಿಯನ್ನು ಕೂರಿಸಿದೆ. ಫೋನಿನಲ್ಲಿ ಮಾತಾಡೋ ಹಾಗೆ ಹಾಡು, ಸ್ವರ ಅಲುಗಾಡಿಸಬೇಡ ಅಂದೆ. "ಅಣ್ಣಾ, ನಮ್ಮ ಟೀಚರ್‌ಗೆ ಗೊತ್ತಾದ್ರೆ ಕೊಂದೇಬಿಡ್ತಾರೆ" ಅಂದಳು. ಹಾಡಿದಳು. ಅದೇ ಸೊನ್ನೆ, ಮೂರನೇ ಟೇಕಿಗೆ ಬಂತು. ಇನ್ನೆರಡು ಟೇಕ್ ತೆಗೆದು ಎಡ ಸ್ಪೀಕರಿಗೊಂದು ಬಲ ಸ್ಪೀಕರಿಗೊಂದು ಹಾಕಿದೆ. ಅಂದರೆ ಯಂತ್ರದ ಅರ್ಧ ಕೆಲಸ ಗಂಟಲಲ್ಲೇ ಆಗಬೇಕಿತ್ತು.

ಗೆಳೆಯನಿಗೆ ಇದೆಲ್ಲ ಮೋಸ. ಅವನಿಗೆ 2019ರಲ್ಲಿ ಶುರುವಾದ 'ದ ಫಸ್ಟ್ ಟೇಕ್' ಯೂಟ್ಯೂಬ್ ಚಾನೆಲ್ಲೇ ಅಸಲಿ: ಬಿಳಿ ಕೋಣೆ, ಮೈಕ್, ಒಂದೇ ಟೇಕ್. ನನಗೂ ಇಷ್ಟವೇ. ಆದರೆ ಆ ಮೈಕು, ಹೆಡ್‌ಫೋನು, ಹಾಡುವ ಮೊದಲಿನ ಉಸಿರು, ಎಲ್ಲವನ್ನೂ ಬೇಕಂತಲೇ ತೋರಿಸುವುದು ಅಲ್ವಾ? ಅಲ್ಲಿ ಸ್ಟುಡಿಯೋ ಕಾಣುತ್ತದೆ, ಇಲ್ಲಿ ಸಾಫ್ಟ್‌ವೇರ್ ಕೇಳಿಸುತ್ತದೆ. ಕದ್ದುಮುಚ್ಚಿ ಟ್ಯೂನ್ ಮಾಡಿ ಸಹಜ ಕಂಠ ಅನ್ನುವವರ ಮೇಲೆ ಮಾತ್ರ ನನಗೆ ಸಿಟ್ಟು.

ಮುಂದಿನದು ಈಗಲೇ ತಲೆಗೆ ಹತ್ತಿದೆ. ಪರ್ಫ್ಯೂಮ್‌ನ 2007ರ 'ಪಾಲಿರಿದಮ್' ಹಾಡಿನ ನಡುವೆ 4ರ ಬೀಟ್ ಮೇಲೆ 5ರ, 6ರ ಎಣಿಕೆ ಏರಿ ಕೂರುತ್ತವೆ. ಆ 5ಕ್ಕೆ ನಮ್ಮ ತಾಳದ ಐದಕ್ಷರದ ಸೊಲ್ಲು ತದಿಗಿಣತೊಂ ಕೂರಿಸಿ, ಅದನ್ನೂ ಸೊನ್ನೆಯಲ್ಲಿ ಟ್ಯೂನ್ ಮಾಡಬೇಕು. ತಂಗಿ ಒಪ್ಪಿದ್ದಾಳೆ. ಈ ಸಲ ಕುರ್ಚಿ ಬೇಡವಂತೆ.