ಅಂದುಕೊಂಡಿದ್ದಕ್ಕಿಂತ ಗಟ್ಟಿ

ಸೂಪರ್‌ಹೀರೋಗಳ ಮಾತು ಅಂದ ಕೂಡಲೇ ಎಲ್ಲರಿಗೂ ನೆನಪಾಗೋದು ಒಂದೇ ಸಾಲು: ದೊಡ್ಡ ಶಕ್ತಿ ಬಂದರೆ ಜೊತೆಗೆ ದೊಡ್ಡ ಜವಾಬ್ದಾರಿಯೂ ಬರುತ್ತೆ. ಸ್ಪೈಡರ್‌ಮ್ಯಾನ್ ಮೊದಲ ಸಲ ಕಾಣಿಸಿಕೊಂಡ 1962ರ ಕಾಮಿಕ್ಸ್‌ನಲ್ಲಿ ಈ ಮಾತನ್ನು ಯಾವ ಪಾತ್ರವೂ ಆಡಲ್ಲ. ಕೊನೇ ಚಿತ್ರದಲ್ಲಿ ಕಥೆ ಹೇಳೋನ ಮಾತಾಗಿ ಬಂದು ಹೋಗುತ್ತೆ. ಅದು ಸ್ಪೈಡರ್‌ಮ್ಯಾನ್‌ನನ್ನು ಸಾಕಿದ ಬೆನ್ ಚಿಕ್ಕಪ್ಪನ ಬಾಯಿಗೆ ಬಂದಿದ್ದು ಆಮೇಲೆ. ಒಳ್ಳೇ ಮಾತು, ಗೌರವ ಇದೆ. ಆದರೆ ನಾನು ಕೆಲಸ ಮಾಡೋ ಜಾಗದಲ್ಲಿ ಅದು ನಡೆಯಲ್ಲ. ನಾನು ಶಿವಮೊಗ್ಗದಲ್ಲಿ ಫಿಸಿಯೋಥೆರಪಿಸ್ಟ್. ನನ್ನ ಹತ್ತಿರ ಬರೋರು ಇದ್ದ ಶಕ್ತಿಯನ್ನೂ ಕಳಕೊಂಡು ಬಂದೋರು. ಮಂಡಿ ಆಪರೇಷನ್ ಆದ ಅಜ್ಜಿ, ಲಕ್ವ ಹೊಡೆದ ನಿವೃತ್ತ ಮೇಷ್ಟ್ರು, ಬೈಕಿಂದ ಬಿದ್ದ ಹುಡುಗ. ಅವರಿಗೆ ಬೇಕಾಗಿರೋ ಮಾತೇ ಬೇರೆ.

ಆ ಮಾತು ನನಗೆ ಸಿಕ್ಕಿದ್ದು ಸೂಪರ್‌ಮ್ಯಾನ್‌ನಿಂದ. ಬೆಂಗಳೂರಲ್ಲಿ ಓದುವಾಗ ನನ್ನ ತಮ್ಮ ಭಾನುವಾರ ಅವೆನ್ಯೂ ರಸ್ತೆಯ ಫುಟ್‌ಪಾತ್ ಅಂಗಡಿಗಳನ್ನು ಜಾಲಾಡಿ ಹಳೇ ಕಾಮಿಕ್ಸ್ ತರುತ್ತಿದ್ದ. ಅನಾಟಮಿ ಪುಸ್ತಕದ ಪಕ್ಕದಲ್ಲೇ ಅವೂ ಬಿದ್ದಿರುತ್ತಿದ್ದವು. ಅದಕ್ಕೂ ಮೊದಲು, 1997ರಲ್ಲಿ ದೂರದರ್ಶನದಲ್ಲಿ ಶಕ್ತಿಮಾನ್ ಶುರುವಾದಾಗ ಕೈ ಎತ್ತಿ ಗಿರಗಿರ ತಿರುಗಿದ ಮಕ್ಕಳಲ್ಲಿ ನಾನೂ ಒಬ್ಬಳು, ಕೊನೆಯಲ್ಲಿ ಅವನು ಮಕ್ಕಳಿಗೆ ಹೇಳುತ್ತಿದ್ದ ಬುದ್ಧಿಮಾತನ್ನು ತಲೆಯಾಡಿಸಿ ಕೇಳಿದವಳು. ಹಾಗಾಗಿ ಈ ಲೋಕ ನನಗೆ ಹೊಸದಲ್ಲ. ಆದರೆ ಗ್ರಾಂಟ್ ಮಾರಿಸನ್ ಬರೆದು ಫ್ರಾಂಕ್ ಕ್ವೈಟ್ಲಿ ಚಿತ್ರಿಸಿದ ‘ಆಲ್‌ಸ್ಟಾರ್ ಸೂಪರ್‌ಮ್ಯಾನ್’ ಕೈಗೆ ಸಿಕ್ಕಿದಾಗ ಒಂದು ಪುಟದ ಹತ್ತಿರ ನಿಂತೇಬಿಟ್ಟೆ. 2005ರಿಂದ 2008ರವರೆಗೆ ಬಂದ, ಒಟ್ಟು ಹನ್ನೆರಡು ಸಂಚಿಕೆಗಳ ಕಥೆ ಅದು. ಅದರ ಹತ್ತನೇ ಸಂಚಿಕೆಯಲ್ಲಿ ರೀಗನ್ ಅನ್ನೋ ಹುಡುಗಿ ಎತ್ತರದ ಕಟ್ಟಡದ ಅಂಚಿನಲ್ಲಿ ಕಣ್ಣು ಮುಚ್ಚಿ ನಿಂತಿರುತ್ತಾಳೆ. ಹಿಂದಿನಿಂದ ಬಂದ ಸೂಪರ್‌ಮ್ಯಾನ್ ಅವಳನ್ನು ಎತ್ತಿಕೊಂಡು ಹಾರಲ್ಲ. ಭುಜದ ಮೇಲೆ ಕೈಯಿಟ್ಟು, ನೀನು ಕಾಯುತ್ತಿದ್ದ ಡಾಕ್ಟರು ನಿಜವಾಗಲೂ ದಾರಿಯಲ್ಲಿ ಸಿಕ್ಕಿಹಾಕಿಕೊಂಡಿದ್ದರು ಅಂತಾನೆ. ಆಮೇಲೆ, ನೀನು ಅಂದುಕೊಂಡಿರೋದಕ್ಕಿಂತ ನೀನು ಎಷ್ಟೋ ಗಟ್ಟಿ, ನನ್ನನ್ನು ನಂಬು ಅಂತಾನೆ. ಅವಳು ತಿರುಗಿ ಅವನನ್ನು ತಬ್ಬಿಕೊಳ್ಳುತ್ತಾಳೆ. ಅಷ್ಟೇ, ಒಂದೇ ಪುಟ. ಇದನ್ನು ಹೇಳುವಾಗ ಸೂಪರ್‌ಮ್ಯಾನ್ ಸ್ವತಃ ಸಾವಿನ ಕಡೆ ಹೋಗುತ್ತಿರುತ್ತಾನೆ. ಸೂರ್ಯನ ಶಕ್ತಿ ಮಿತಿಮೀರಿ ಹೀರಿ ಅವನ ಮೈಯ ಕಣಕಣವೂ ಸೋಲುತ್ತಿರುತ್ತೆ.

ಆ ಮಾತು ಎಷ್ಟು ನಿಜ ಅನ್ನೋದು ನನಗೆ ಗೊತ್ತಾಗಿದ್ದು ಕೆಲಸಕ್ಕೆ ಸೇರಿದ ಮೇಲೆ. ಮಂಡಿಗೆ ಪೆಟ್ಟಾದಾಗ ಅಥವಾ ಆಪರೇಷನ್ ಆದಾಗ ಕೀಲಿನೊಳಗೆ ನೀರು ತುಂಬಿಕೊಳ್ಳುತ್ತೆ. ಆ ಊತದ ಸುದ್ದಿ ನರಗಳ ಮೂಲಕ ಬೆನ್ನುಹುರಿಗೆ ಹೋದಾಗ, ತೊಡೆಯ ಮುಂಭಾಗದ ಕ್ವಾಡ್ರಿಸೆಪ್ಸ್ ಸ್ನಾಯುವಿಗೆ ಹೋಗೋ ಆಜ್ಞೆಯನ್ನು ಬೆನ್ನುಹುರಿ ತಡೆಹಿಡಿಯುತ್ತೆ. ಎಲ್ಲಾ ಸರಿಯಿರೋ ಆರೋಗ್ಯವಂತರ ಮಂಡಿಗೆ ಶುದ್ಧ ಉಪ್ಪುನೀರು ಇಂಜೆಕ್ಟ್ ಮಾಡಿ ನೋಡಿದ್ದಾರೆ. ಅಷ್ಟಕ್ಕೇ ತೊಡೆಯ ಬಲ ಕುಗ್ಗುತ್ತೆ. ಅಂದರೆ ಸ್ನಾಯು ಸತ್ತಿಲ್ಲ, ಅದರಲ್ಲಿ ಬಲ ಇದೆ, ಅದಕ್ಕೆ ಕರೆ ಮುಟ್ಟುತ್ತಿಲ್ಲ. ವ್ಯಾಯಾಮದ ಮೊದಲ ಕೆಲವು ವಾರ ಬಲ ಹೆಚ್ಚೋದೂ ಮಾಂಸ ಬೆಳೆದು ಅಲ್ಲ. ನರ ತನ್ನ ಸ್ನಾಯುವನ್ನು ಮತ್ತೆ ಎಬ್ಬಿಸೋದರಿಂದ. ಹಾಗಿರುವಾಗ ಮಂಚದ ಮೇಲೆ ಮಲಗಿರೋ ಮನುಷ್ಯನಿಗೆ ‘ನೀವು ಅಂದುಕೊಂಡಿದ್ದಕ್ಕಿಂತ ಗಟ್ಟಿ ಇದ್ದೀರಿ’ ಅಂತ ಹೇಳೋದು ಬರೀ ಸಮಾಧಾನದ ಮಾತಲ್ಲ. ಅವರ ಕಾಲಿನ ಸ್ಥಿತಿ ಇರೋದೇ ಹಾಗೆ.

ಸಾಗರದ ಕಡೆಯ ಒಬ್ಬರು ಕೊನೆಗಾರರು, ಅಂದರೆ ಮರ ಹತ್ತಿ ಅಡಿಕೆ ಗೊನೆ ಕೊಯ್ಯೋರು, ಬಂದಿದ್ದರು. ಅಡಿಕೆ ಮರದಿಂದ ಬಿದ್ದು ಮಂಡಿಯ ಹತ್ತಿರ ಮೂಳೆ ಮುರಿದು, ಪ್ಲೇಟ್ ಹಾಕಿಸಿಕೊಂಡು ಬಂದವರು. ತೋಟದಲ್ಲಿ ಕೊನೆ ಕೊಯ್ಯುವಾಗ ಒಂದು ಮರದಿಂದ ಇನ್ನೊಂದು ಮರಕ್ಕೆ ಮೇಲಿಂದಲೇ ದಾಟುತ್ತಿದ್ದ ಮೈ ಅದು. ಮಂಡಿಯ ಕೆಳಗೆ ಟವೆಲ್ ಸುರುಳಿ ಇಟ್ಟು, ಅದನ್ನು ಹಾಸಿಗೆಗೆ ಒತ್ತಿ ಅಂದೆ. ತೊಡೆ ಅಲ್ಲಾಡಲಿಲ್ಲ. ಹಣೆ ಬೆವರಿತು, ಹಲ್ಲು ಕಚ್ಚಿದರು, ಸೊಂಟ ಎತ್ತಿದರು, ತೊಡೆ ಮಾತ್ರ ಸುಮ್ಮನಿತ್ತು. ‘ಆಗಲ್ಲ ಮೇಡಂ, ಈ ಕಾಲು ಹೋಯ್ತು’ ಅಂದರು. ನಾನು ಅವರ ಕೈಬೆರಳನ್ನೇ ತೆಗೆದು ಮಂಡಿ ಚಿಪ್ಪಿನ ಸ್ವಲ್ಪ ಮೇಲೆ, ಒಳಪಕ್ಕದಲ್ಲಿ ಇಡಿಸಿ, ಇನ್ನೊಂದು ಸಲ ಒತ್ತಿ ಅಂದೆ. ಬೆರಳ ಕೆಳಗೆ ಚೂರೇ ಚೂರು ಮಿಡಿತ, ಚರ್ಮದಡಿ ಮೀನು ಮಗ್ಗುಲು ಬದಲಾಯಿಸಿದ ಹಾಗೆ. ಅವರ ಕಣ್ಣು ನನ್ನ ಕಡೆ ತಿರುಗಿತು. ಆಗ ಹೇಳಿದೆ: ನೀವು ಅಂದುಕೊಂಡಿದ್ದಕ್ಕಿಂತ ನಿಮ್ಮ ಕಾಲು ಗಟ್ಟಿ ಇದೆ, ನನ್ನನ್ನು ನಂಬಿ.

ಈ ಮಾತು ಯಾರದ್ದು ಅಂತ ಆಮೇಲೆ ಒಂದು ದಿನ ಅವರಿಗೆ ಹೇಳಿದೆ. ಐಸ್ ಪ್ಯಾಕ್ ಇಟ್ಟುಕೊಂಡು ಪೂರ್ತಿ ಕಥೆ ಕೇಳಿದರು. ‘ಆ ಹುಡುಗಿ ಆಮೇಲೆ ಏನಾದ್ಲು?’ ಅಂತ ಕೇಳಿದರು. ಆ ಪುಟದಲ್ಲಿ ಅಷ್ಟೇ ಇರೋದು ಅಂದೆ. ಸ್ವಲ್ಪ ಹೊತ್ತು ಯೋಚಿಸಿ, ‘ಮನೆಗೆ ಹೋಗಿರ್ತಾಳೆ ಬಿಡಿ. ಉಂಡು ಮಲಗಿರ್ತಾಳೆ’ ಅಂದರು. ಆ ಕಥೆಗೆ ಇದಕ್ಕಿಂತ ಒಳ್ಳೇ ಮುಂದಿನ ಪುಟ ನನಗೆ ಇವತ್ತಿಗೂ ಹೊಳೆದಿಲ್ಲ.

ನನ್ನ ಪಾಲಿನ ಮಾತು ಇನ್ನೊಂದಿದೆ. ಸಂಜೆ ಹೊತ್ತಿಗೆ ‘ಇನ್ನೊಂದು ಸಲ, ಇನ್ನೊಂದೇ ಸಲ’ ಅಂತ ಹೇಳಿ ಹೇಳಿ ಗಂಟಲು ಒಣಗಿರುತ್ತೆ. ಅದೇ ಕಾಲು, ಅದೇ ನೋವು, ಹೋದ ವಾರಕ್ಕಿಂತ ಎರಡು ಡಿಗ್ರಿ ಮಾತ್ರ ಹೆಚ್ಚು ಮಡಚಿದ ಮಂಡಿ. ಅಂಥ ಹೊತ್ತಿಗೆ ಅಂತಲೇ ಕ್ಲಿನಿಕ್ಕಿನ ಬೀರು ಬಾಗಿಲ ಒಳಗೆ ಕೆಲವು ಪುಟಗಳ ಜೆರಾಕ್ಸ್ ಅಂಟಿಸಿದ್ದೀನಿ. ಸ್ಪೈಡರ್‌ಮ್ಯಾನ್ ಮಾಸಿಕದ 33ನೇ ಸಂಚಿಕೆ, ಫೆಬ್ರವರಿ 1966ರದ್ದು. ಮಾತು ಸ್ಟ್ಯಾನ್ ಲೀ ಅವರದ್ದು. ಕಥೆಯ ನಡೆ, ಚಿತ್ರ ಎರಡೂ ಸ್ಟೀವ್ ಡಿಟ್ಕೋ ಅವರದ್ದು. ಸ್ಪೈಡರ್‌ಮ್ಯಾನ್ ವೇಷದ ಹುಡುಗ ಪೀಟರ್ ದೊಡ್ಡ ಕಬ್ಬಿಣದ ಯಂತ್ರದಡಿ ಸಿಕ್ಕಿಬಿದ್ದಿದ್ದಾನೆ. ಮೇಲಿಂದ ನೀರು ಸೋರುತ್ತಿದೆ. ಆಸ್ಪತ್ರೆಯಲ್ಲಿ ಸಾಯೋ ಸ್ಥಿತಿಯಲ್ಲಿರೋ ಮೇ ಚಿಕ್ಕಮ್ಮನಿಗೆ ಬೇಕಾದ ಔಷಧಿಯ ಡಬ್ಬಿ ಎದುರಿಗೇ, ಕೈಗೆ ಎಟುಕದಷ್ಟು ದೂರದಲ್ಲಿ ಬಿದ್ದಿದೆ. ಗೆಲ್ಲೋದು ಸುಲಭ ಇದ್ದಾಗ ಯಾರು ಬೇಕಾದರೂ ಗೆಲ್ಲುತ್ತಾರೆ, ದಾರಿಯೇ ಇಲ್ಲ ಅನ್ನಿಸಿದಾಗ ನಿಲ್ಲೋದೇ ಲೆಕ್ಕಕ್ಕೆ ಬರೋದು ಅಂತ ತನಗೆ ತಾನೇ ಹೇಳಿಕೊಳ್ಳುತ್ತಾನೆ. ಕೇಳೋಕೆ ಅಲ್ಲಿ ಯಾರೂ ಇಲ್ಲ.

ಡಿಟ್ಕೋ ಅದನ್ನು ಚಿತ್ರಿಸಿದ ರೀತಿಯನ್ನು ನಾನು ವೃತ್ತಿಯ ಕಣ್ಣಲ್ಲಿ ನೋಡ್ತೀನಿ. ಮೊದಲು ಚಿಕ್ಕ ಚಿಕ್ಕ ಚೌಕಗಳು, ಬಗ್ಗಿದ ಬೆನ್ನು, ನೆಲಕ್ಕೊತ್ತಿದ ಅಂಗೈ. ಪುಟ ತಿರುವಿದಂತೆ ಚೌಕಗಳು ದೊಡ್ಡದಾಗುತ್ತಾ ಹೋಗುತ್ತವೆ. ಯಂತ್ರ ಕೂದಲೆಳೆಯಷ್ಟು ಮೇಲೇಳುತ್ತೆ, ಇನ್ನಷ್ಟು ಏಳುತ್ತೆ, ಕೊನೆಗೆ ಐದನೇ ಪುಟ ತುಂಬ ಒಂದೇ ಚಿತ್ರ: ಯಂತ್ರ ಮೇಲೆ, ಅವನು ನೆಟ್ಟಗೆ. ಬಲ ಮರಳಿ ಬರೋದು ಹೀಗೇ. ಜನ ಆ ದೊಡ್ಡ ಚಿತ್ರವನ್ನೇ ಹೊಗಳುತ್ತಾರೆ. ನನಗೆ ಇಷ್ಟ ಅದರ ಹಿಂದಿನ ಪುಟಗಳು. ಇನ್ನೊಂದು ವಿಷಯವನ್ನು ಎಲ್ಲರಿಗೂ ಹೇಳ್ತೀನಿ, ಯಂತ್ರ ಎತ್ತಿದ ಮೇಲೂ ಅವನ ಕೆಲಸ ಮುಗಿಯಲ್ಲ. ನೀರು ನುಗ್ಗುತ್ತೆ, ಸುಸ್ತಾದ ಮೈಯಲ್ಲೇ ದುಷ್ಟರ ಜೊತೆ ಬಡಿದಾಡಬೇಕು, ಔಷಧಿ ತಲುಪಿಸಬೇಕು. ಪ್ಲಾಸ್ಟರ್ ಬಿಚ್ಚಿದ ದಿನವೇ ಎಲ್ಲಾ ಮುಗೀತು ಅಂದುಕೊಂಡು ವ್ಯಾಯಾಮ ಬಿಡೋರಿಗೆ ಈ ಭಾಗ ಗೊತ್ತಿರಬೇಕು.

ಕ್ಯಾಪ್ಟನ್ ಅಮೆರಿಕಾನ ಹೆಸರುವಾಸಿ ಮಾತು ಮಾತ್ರ ನಮ್ಮ ಮಂಚಕ್ಕೆ ಬೇಡ. ‘ದಿನವಿಡೀ ಬೇಕಾದರೂ ಇದನ್ನ ಮಾಡ್ತೀನಿ’ ಅಂತ 2011ರ ಸಿನಿಮಾದಲ್ಲಿ ಮುಂದೆ ಕ್ಯಾಪ್ಟನ್ ಅಮೆರಿಕಾ ಆಗೋ, ಇನ್ನೂ ಬಡಕಲಾಗಿರೋ ಸ್ಟೀವ್ ರೋಜರ್ಸ್, ಗಲ್ಲಿಯಲ್ಲಿ ಏಟು ತಿಂದು ಎದ್ದು ನಿಂತು ಹೇಳ್ತಾನೆ. ಆ ಛಲ ನೋಡಿದರೆ ಈಗಲೂ ಮೈ ಜುಮ್ಮೆನ್ನುತ್ತೆ. ಆದರೆ ಲಿಗಮೆಂಟ್ ಆಪರೇಷನ್ ಆದ ಕಬಡ್ಡಿ ಹುಡುಗರು ಇದನ್ನು ನಂಬಿ ದಿನವಿಡೀ ಮಾಡಿದರೆ, ಮರುದಿನ ಮಂಡಿ ಊದಿಕೊಂಡು ಬರುತ್ತೆ, ಊತ ಬಂದರೆ ಸ್ನಾಯು ಮತ್ತೆ ಮಲಗುತ್ತೆ. ವಿಶ್ರಾಂತಿಯೂ ಚಿಕಿತ್ಸೆಯೇ.

ಬ್ಯಾಟ್‌ಮ್ಯಾನ್ ಕಥೆಯ ಮಾತನ್ನು ನಾನು ಅಕ್ಷರಶಃ ಬಳಸ್ತೀನಿ. 2005ರ ‘ಬ್ಯಾಟ್‌ಮ್ಯಾನ್ ಬಿಗಿನ್ಸ್’ನಲ್ಲಿ ಬಾವಿಗೆ ಬಿದ್ದ ಮಗನನ್ನು ಎತ್ತಿಕೊಂಡು ಬರುವಾಗ ಅಪ್ಪ ಕೇಳ್ತಾನೆ, ನಾವು ಯಾಕೆ ಬೀಳ್ತೀವಿ? ಎದ್ದೇಳೋದನ್ನ ಕಲಿಯೋಕೆ. ಮುಂದೆ ಮನೆ ಹೊತ್ತಿ ಉರಿಯುವಾಗ ಮನೆಯ ಬಟ್ಲರ್ ಆಲ್‌ಫ್ರೆಡ್ ಅದನ್ನೇ ನೆನಪಿಸ್ತಾನೆ. ಒಮ್ಮೆ ಬಚ್ಚಲಲ್ಲಿ ಜಾರಿದ ವಯಸ್ಸಾದವರಿಗೆ ನಡೆಯೋಕಿಂತ ಬೀಳೋದರದ್ದೇ ಭಯ. ಆ ಭಯಕ್ಕೆ ಓಡಾಟ ಬಿಡ್ತಾರೆ, ಓಡಾಟ ಬಿಟ್ಟಿದ್ದಕ್ಕೆ ಕಾಲು ಸೋಲುತ್ತೆ, ಕಾಲು ಸೋತಿದ್ದಕ್ಕೆ ಮತ್ತೆ ಬೀಳ್ತಾರೆ. ಅದಕ್ಕೇ ಏಳೋದನ್ನು ಪಾಠವಾಗಿ ಕಲಿಸ್ತೀವಿ. ಬಿದ್ದ ಕೂಡಲೇ ಗಡಬಡಿಸಬೇಡಿ, ಎಲ್ಲಿ ನೋವಿದೆ ನೋಡಿಕೊಳ್ಳಿ. ಮಗ್ಗುಲಾಗಿ. ಮೊಣಕೈ ಊರಿ. ಅಂಬೆಗಾಲಿಗೆ ಬನ್ನಿ, ಕುರ್ಚಿಯ ತನಕ ಹೋಗಿ, ಎರಡೂ ಕೈ ಅದರ ಮೇಲಿಡಿ. ಗಟ್ಟಿ ಇರೋ ಕಾಲಿನ ಪಾದ ಮುಂದೆ ಊರಿ ಏಳಿ, ತಿರುಗಿ ಕೂತುಕೊಳ್ಳಿ. ಚಾಪೆ ಮೇಲೆ ಇದನ್ನು ಒಮ್ಮೆ ಮಾಡಿ ಎದ್ದ ಅಜ್ಜಿಯರ ಮುಖ ನೀವು ನೋಡಬೇಕು.

ಸೂಪರ್‌ಮ್ಯಾನ್ ವಿಷಯ ಇಷ್ಟಕ್ಕೇ ಬಿಡೋಕಾಗಲ್ಲ. 1978ರಲ್ಲಿ ತೆರೆಯ ಮೇಲೆ ಆ ಕೆಂಪು ಹೊದಿಕೆ ತೊಟ್ಟು ಹಾರಿದ ಕ್ರಿಸ್ಟೋಫರ್ ರೀವ್, 1995ರ ಮೇನಲ್ಲಿ ವರ್ಜೀನಿಯಾದ ಕಲ್‌ಪೆಪರ್‌ನಲ್ಲಿ ಕುದುರೆ ಸ್ಪರ್ಧೆಯ ವೇಳೆ ಬಿದ್ದು ಕತ್ತಿನ ಮೇಲ್ಭಾಗದ ಮೂಳೆ ಮುರಿದುಕೊಂಡರು. ಕೈಕಾಲು ನಿಂತುಹೋಯಿತು, ಉಸಿರಿಗೂ ಯಂತ್ರ ಬೇಕಾಯಿತು. ನನ್ನನ್ನು ಹೋಗೋಕೆ ಬಿಡೋದೇ ಒಳ್ಳೇದೇನೋ ಅಂತ ಅವರು ಹೆಂಡತಿಗೆ ಹೇಳಿದಾಗ ಡೇನಾ ಕೊಟ್ಟ ಉತ್ತರವನ್ನು ಅವರೇ ಆತ್ಮಕಥೆಯಲ್ಲಿ ಬರೆದಿದ್ದಾರೆ: ನೀನು ಈಗಲೂ ನೀನೇ, ನಾನು ನಿನ್ನನ್ನು ಪ್ರೀತಿಸ್ತೀನಿ. ನೀನು ನಡೀತೀಯ ಅಂತ ಆಕೆ ಹೇಳಲಿಲ್ಲ. ಆ ಹೊತ್ತಿಗೆ ನಿಜವಾಗಿದ್ದನ್ನು ಮಾತ್ರ ಹೇಳಿದರು. ವರ್ಷಗಟ್ಟಲೆ ವ್ಯಾಯಾಮದ ನಂತರ, 2000ದಲ್ಲಿ, ರೀವ್ ತಮ್ಮ ಎಡಗೈಯ ತೋರುಬೆರಳನ್ನು ಬೇಕೆಂದಾಗ ಅಲ್ಲಾಡಿಸಿದರು. 2004ರಲ್ಲಿ ತೀರಿಕೊಳ್ಳೋವರೆಗೂ ಮತ್ತೆ ನಡೆಯಲಿಲ್ಲ. ಬೆನ್ನುಹುರಿಗೆ ಪೆಟ್ಟಾದವರ ಮನೆಯವರು ಏನು ಹೇಳಿ ಧೈರ್ಯ ತುಂಬಲಿ ಅಂತ ಕೇಳಿದಾಗ ಡೇನಾ ಅವರ ಮಾತನ್ನೇ ಹೇಳ್ತೀನಿ. ಸುಳ್ಳು ಭರವಸೆ ಕೊಡಬೇಡಿ, ಇದನ್ನು ಹೇಳಿ ಅಂತೀನಿ.

ಆ ಕೊನೆಗಾರರ ಮಂಡಿ ಈಗ ಚೆನ್ನಾಗಿ ಮಡಚುತ್ತೆ. ಮರ ಮಾತ್ರ ಹತ್ತಬೇಡಿ ಅಂದಿದ್ದೆ. ಅವರು ಸುಮ್ಮನೆ ಕೂರಲಿಲ್ಲ, ನೆಲದಲ್ಲೇ ನಿಂತು ಫೈಬರ್ ದೋಟಿಯಲ್ಲಿ ಕೊನೆ ಇಳಿಸೋದು ಕಲಿತಿದ್ದಾರೆ. ಮೊನ್ನೆ ಫೋನ್ ಮಾಡಿದ್ದರು. ಕಾಲಿನ ಮಾತೇ ಎತ್ತಲಿಲ್ಲ. ಇಡೀ ದಿನ ಮೇಲೆ ನೋಡಿ ದೋಟಿ ಹಿಡಿದು ಬಲಭುಜ ಸೆಳೆಯುತ್ತಂತೆ, ಅದಕ್ಕೊಂದು ವ್ಯಾಯಾಮ ಹೇಳಿಕೊಡಿ ಅಂದರು. ಗುರುವಾರ ದೋಟಿ ಸಮೇತ ಬನ್ನಿ ಅಂದಿದ್ದೀನಿ, ಹೇಗೆ ಹಿಡೀತಾರೆ ಅಂತ ನೋಡಬೇಕು.