ಪಕ್ಕದ ಮನೆಯ ಹುಡುಗಿ ಚಿತ್ರಕಥೆ ಬರೀತಾಳಂತೆ

ನಾವಿರುವ ಅನ್ಯಾಂಗ್, ದಕ್ಷಿಣ ಕೊರಿಯಾದ ರಾಜಧಾನಿ ಸಿಯೋಲ್‌ಗೆ ಅಂಟಿಕೊಂಡ ಊರು. ಮೊನ್ನೆ ಕಸ ಹಾಕಲು ಇಳಿದಾಗ ಪಕ್ಕದ ಮನೆಯಾಕೆ ಸಿಕ್ಕರು. ಮಗಳಿಗೆ ಸರ್ಕಾರಿ ಕಲಾ ವಿಶ್ವವಿದ್ಯಾಲಯದಲ್ಲಿ ಚಿತ್ರಕಥೆ ಓದಲು ಸೀಟು ಸಿಕ್ಕಿದೆಯಂತೆ.

"ಒಳ್ಳೇದಾಯ್ತಲ್ಲ, ಮುಂದೆ ಆಸ್ಕರ್ ತರ್ತಾಳೆ" ಅಂದೆ. ಸುಮ್ನೆ ಅಂದಿದ್ದಲ್ಲ. 2020ರಲ್ಲಿ 'ಪ್ಯಾರಸೈಟ್' ಚಿತ್ರಕಥೆಗೆ ನಿರ್ದೇಶಕ ಬಾಂಗ್ ಜೂನ್-ಹೋ ಜೊತೆ ಬರಹಗಾರ ಹಾನ್ ಜಿನ್-ವೋನ್ ಕೂಡ ಆಸ್ಕರ್ ಗೆದ್ದರು. ಈ ಗೌರವ ಚುಂಗ್ಮುರೋದ ಕಥೆಗಾರರಿಗೂ ಸೇರಿದ್ದು ಅಂತ ವೇದಿಕೆಯಲ್ಲೇ ಹೇಳಿದ್ದರು. ಚುಂಗ್ಮುರೋ ಅಂದ್ರೆ ಇಲ್ಲಿನ ಗಾಂಧಿನಗರ.

ಆಕೆ ನಗಲಿಲ್ಲ. "ನಿಮಗೆ ಆಸ್ಕರ್ ನೆನಪಾಗುತ್ತೆ. ನನಗೆ ಇದೇ ಊರಲ್ಲಿ ಸತ್ತ ಆ ಹುಡುಗಿ ನೆನಪಾಗ್ತಾಳೆ" ಅಂದರು.

ಚ್ವೆ ಗೋ-ಉನ್. ಅದೇ ವಿಶ್ವವಿದ್ಯಾಲಯದಲ್ಲಿ ಓದಿದಾಕೆ. ನಿರ್ಮಾಪಕರ ಜೊತೆ ಒಪ್ಪಂದ ಆಗಿತ್ತು, ಸಿನಿಮಾ ಮಾತ್ರ ಆಗಲಿಲ್ಲ. ಬರಹಗಾರರಿಗೆ ಮೊದಲು ಒಂದಿಷ್ಟು ಮುಂಗಡ, ಉಳಿದದ್ದು ಕೆಲಸ ಮುಂದೆ ಹೋದರೆ. ಹೋಗದಿದ್ದರೆ? ವರ್ಷಗಟ್ಟಲೆ ತಿದ್ದಿದ ಹಾಳೆಗಳಷ್ಟೇ ಕೈಯಲ್ಲಿ. 2011ರ ಜನವರಿಯಲ್ಲಿ ಬಾಡಿಗೆ ಕೋಣೆಯಲ್ಲಿ, ಕಾಯಿಲೆ ಮತ್ತು ಬಡತನದ ನಡುವೆ ತೀರಿಕೊಂಡಾಗ ಅವಳಿಗೆ 32. ಅದಕ್ಕೆ ಮುಂಚೆ ಪಕ್ಕದವರ ಬಾಗಿಲಿಗೆ ಒಂದು ಚೀಟಿ ಅಂಟಿಸಿದ್ದಳು. ಸಂಕೋಚದಿಂದಲೇ ಸ್ವಲ್ಪ ಅಕ್ಕಿ, ಕಿಮ್ಚಿ ಕೇಳಿದ್ದಳು.

ದೇಶ ನಾಚಿತು. ಅದೇ ವರ್ಷ ಕಲಾವಿದರ ಕಲ್ಯಾಣ ಕಾಯ್ದೆ ಪಾಸಾಯಿತು, 2012ರ ನವೆಂಬರ್‌ನಲ್ಲಿ ಜಾರಿಗೆ ಬಂತು. ಜನ ಅದನ್ನು ಅವಳ ಹೆಸರಿನಿಂದಲೇ ಕರೆಯುತ್ತಾರೆ. ಸತ್ತ ಮೇಲೆ ಎಚ್ಚೆತ್ತರು, ನಿಜ. ಆದರೂ ಎಚ್ಚೆತ್ತರಲ್ವಾ!

ಪಕ್ಕದ ಮನೆಯಾಕೆ ಮಗಳಿಗೆ ಹೇಳಿದ್ದು ಇಷ್ಟೇ: "ಬರೆಯೋದಾದ್ರೆ ಟಿವಿ ಸೀರಿಯಲ್ ಬರಿ." ಇಲ್ಲಿ ಸೀರಿಯಲ್ ಬರೆಯುವವರೂ ತಾರೆಯರೇ. ಕಿಮ್ ಉನ್-ಸುಕ್ ಹೆಸರು ನೋಡಿಯೇ ಜನ ಟಿವಿ ಮುಂದೆ ಕೂರುತ್ತಾರೆ. ಸಿನಿಮಾ ಮಾತ್ರ ನಿರ್ದೇಶಕನದ್ದು. ನಮ್ಮಲ್ಲೋ, ಎರಡೂ ಕಡೆ ಬರೆದವರನ್ನು ಕೇಳುವವರು ಕಡಿಮೆ. ಕಥೆ, ಚಿತ್ರಕಥೆ, ಸಂಭಾಷಣೆ, ನಿರ್ದೇಶನ ಎಲ್ಲದಕ್ಕೂ ಒಂದೇ ಹೆಸರು ಬಂದರೆ ಚಪ್ಪಾಳೆ ಬೇರೆ.

ನಮ್ಮ ಚಿಕ್ಕಪ್ಪ ಗಾಂಧಿನಗರದಲ್ಲಿ ಸುಮಾರು ವರ್ಷ ಸಂಭಾಷಣೆ ಬರೆದವರು. ಲಾಡ್ಜ್ ರೂಮಿನಲ್ಲಿ ಕೂರಿಸಿ ಬರೆಸಿಕೊಳ್ಳುತ್ತಿದ್ದರು. ಪರದೆಯ ಮೇಲೆ ಅವರ ಹೆಸರು ಹುಡುಕಿ ಹುಡುಕಿ ನಮಗೆ ಸಾಕಾಗುತ್ತಿತ್ತು. ಚಿಕ್ಕಮ್ಮ ಟೀಚರ್ ಆಗಿದ್ದರಿಂದ ಮನೆ ನಡೆಯಿತು, ಅಷ್ಟೇ.

ನಿನ್ನೆ ಫೋನಿನಲ್ಲಿ ಅವರಿಗೆ ಈ ಕಥೆಯೆಲ್ಲ ಹೇಳಿ, "ನೀವು ಯಾವತ್ತಾದ್ರೂ ಅಗ್ರಿಮೆಂಟ್ ಮಾಡ್ಕೊಂಡಿದ್ರಾ ಚಿಕ್ಕಪ್ಪ?" ಅಂತ ಕೇಳಿದೆ.

"ಅಗ್ರಿಮೆಂಟಾ? ಕಥೆ ಕೇಳೋವಾಗ ಬೈಟು ಕಾಫಿ ಕೊಡಿಸ್ತಿದ್ರು ಕಣಮ್ಮ" ಅಂದರು.